ಪೋಕೆಮಾನ್ ಕಥೆ ಮುಗಿದ ಮೇಲೆ ಮುಂದೇನು? ಗಡಿಯ ಮಕ್ಕಳಿಗೂ ಹೆತ್ತವರಿಗೂ ಒಂದು ಕೈಪಿಡಿ



ರಾಯದುರ್ಗವಿರಲಿ, ಮಡಕಶಿರಾ ಇರಲಿ, ರಜೆ ಬಂತೆಂದರೆ ಮಕ್ಕಳ ಕೈಗೆ ಫೋನು ಬರುತ್ತದೆ. ಬೆಂಗಳೂರಿನಲ್ಲೋ ವಿದೇಶದಲ್ಲೋ ನೆಂಟರಿದ್ದರೆ ಒಂದು ನಿಂಟೆಂಡೊ ಸ್ವಿಚ್ ಕೂಡ ಬಂದಿರುತ್ತದೆ. ಹತ್ತು ಹದಿನೈದು ದಿನ ಊಟ ತಿಂಡಿ ಮರೆತು ಪೋಕೆಮಾನ್ ಆಡಿದ ಹುಡುಗ ಒಂದು ಸಂಜೆ "ಆಟ ಮುಗೀತು" ಎನ್ನುತ್ತಾನೆ. ಆಮೇಲೆ ಎರಡು ದಾರಿ: ಇನ್ನೊಂದು ಆಟ ಕೊಡಿಸಿ ಎಂಬ ಹಟ, ಇಲ್ಲವೇ ಸುಮ್ಮನೆ ವಿಡಿಯೊ ನೋಡುತ್ತಾ ಕೂರುವುದು. ಮೂರನೆಯ ದಾರಿಯೂ ಇದೆ ಎಂದು ಹೇಳಲು ಈ ಬರಹ. ಆಟ ಗೊತ್ತಿಲ್ಲದ ಹೆತ್ತವರಿಗೂ ಅರ್ಥವಾಗುವಂತೆ ಮೊದಲಿನಿಂದ ಹೇಳುತ್ತೇವೆ.

ಮುಗಿದದ್ದು ಕಥೆ, ಆಟವಲ್ಲ

ಪೋಕೆಮಾನ್ ಆಟದ ಕಥೆ ಸರಳ. ಒಬ್ಬ ಹುಡುಗ ಅಥವಾ ಹುಡುಗಿ ಊರೂರು ತಿರುಗಿ ವಿಚಿತ್ರ ಜೀವಿಗಳನ್ನು ಹಿಡಿದು ಪಳಗಿಸುತ್ತಾರೆ. ಎಂಟು ಊರುಗಳ ಗುರುಗಳನ್ನು ಸೋಲಿಸಿ ಎಂಟು ಪದಕ ಗಳಿಸುತ್ತಾರೆ. ಕೊನೆಗೆ ನಾಲ್ವರು ಘಟಾನುಘಟಿಗಳನ್ನೂ ಅವರ ಮೇಲಿನ ಚಾಂಪಿಯನ್‌ನನ್ನೂ ಗೆದ್ದರೆ ಪರದೆಯ ಮೇಲೆ ಆಟ ಮಾಡಿದವರ ಹೆಸರುಗಳು ಹಾದುಹೋಗುತ್ತವೆ. ಸಿನಿಮಾ ಮುಗಿದ ಹಾಗೆ ಕಾಣುವುದರಿಂದ ಮಕ್ಕಳು ಇಷ್ಟೇ ಎಂದುಕೊಳ್ಳುತ್ತಾರೆ.

ಮೊದಲ ಎರಡು ಆಟಗಳು, ಕೆಂಪು ಮತ್ತು ಹಸಿರು, ಜಪಾನಿನಲ್ಲಿ ಬಂದದ್ದು 1996ರ ಫೆಬ್ರವರಿ 27ರಂದು. ಅವುಗಳ ಹಿಂದೆ ಇದ್ದವರು ಸತೋಶಿ ತಜಿರಿ. ಟೋಕಿಯೊ ಹೊರವಲಯದಲ್ಲಿ ಬೆಳೆದ ಅವರಿಗೆ ಚಿಕ್ಕಂದಿನಲ್ಲಿ ಹುಳು ಹಿಡಿಯುವ ಹುಚ್ಚು. ಕೆರೆ, ಗದ್ದೆ, ಕಾಡು ಕರಗಿ ಕಟ್ಟಡಗಳು ಎದ್ದ ಮೇಲೆ, ಹುಳು ಹುಡುಕುವ ಆ ಸುಖ ಮುಂದಿನ ಮಕ್ಕಳಿಗೂ ಸಿಗಲಿ ಎಂಬ ಆಸೆಯಿಂದ ಈ ಆಟ ಹುಟ್ಟಿತು. ಹಾಗಾಗಿ ಇದರ ಜೀವ ಕಾಳಗದಲ್ಲಿ ಇಲ್ಲ. ಹುಡುಕುವುದರಲ್ಲಿ, ಹೆಸರು ತಿಳಿಯುವುದರಲ್ಲಿ, ಪಟ್ಟಿ ತುಂಬಿಸುವುದರಲ್ಲಿ ಇದೆ. ಆ ಪಟ್ಟಿಯ ಹೆಸರು ಪೋಕೆಡೆಕ್ಸ್. ಕಥೆ ಮುಗಿಯುವ ಹೊತ್ತಿಗೆ ಅದು ಸಾಮಾನ್ಯವಾಗಿ ಅರ್ಧವೂ ತುಂಬಿರುವುದಿಲ್ಲ.

ಯಾವ ಆಟದಲ್ಲಿ ಏನು ತೆರೆಯುತ್ತದೆ?

ಪ್ರತಿ ಆಟವೂ ಗೆದ್ದವರಿಗಾಗಿ ಒಂದಷ್ಟು ಬಾಗಿಲುಗಳನ್ನು ಮುಚ್ಚಿಟ್ಟಿರುತ್ತದೆ. ಕೆಲವನ್ನು ನೋಡೋಣ.

ಮೊದಲ ಆಟಗಳಲ್ಲಿ ಚಾಂಪಿಯನ್ ಸೋತ ಮೇಲೆ ಸೆರೂಲಿಯನ್ ಊರಿನ ಗುಹೆಯ ಕಾವಲುಗಾರ ದಾರಿ ಬಿಡುತ್ತಾನೆ. ಒಳಗೆ 70ನೇ ಹಂತದ ಮ್ಯೂಟು ಇರುತ್ತದೆ. ಅದೇ ಆಟದ 2004ರ ರೂಪವಾದ ಫೈರ್‌ರೆಡ್, ಲೀಫ್‌ಗ್ರೀನ್‌ಗಳಲ್ಲಿ 60 ಬಗೆಯ ಜೀವಿಗಳನ್ನು ಹಿಡಿದವರಿಗೆ ಪ್ರೊಫೆಸರ್ ಓಕ್ ದೊಡ್ಡ ಪಟ್ಟಿ ಕೊಡುತ್ತಾರೆ, ಹೊಸ ದ್ವೀಪಗಳಿಗೆ ಹಡಗು ಸಿಗುತ್ತದೆ.

ಗೋಲ್ಡ್, ಸಿಲ್ವರ್ ಆಟಗಳಲ್ಲಿ ಗೆದ್ದ ಮೇಲೆ ಹಿಂದಿನ ಆಟದ ಇಡೀ ನಾಡು ತೆರೆದುಕೊಳ್ಳುತ್ತದೆ. ಇನ್ನೂ ಎಂಟು ಪದಕ ಸೇರಿ ಒಟ್ಟು 16. ಕೊನೆಯ ಬೆಟ್ಟದ ಮೇಲೆ ಮಾತೇ ಆಡದೆ ನಿಂತಿರುವ ರೆಡ್ ಎಂಬಾತ ಸಿಗುತ್ತಾನೆ. ಅವನು ಹಿಂದಿನ ಆಟದ ನಾಯಕ, ಅಂದರೆ ಒಂದು ಕಾಲಕ್ಕೆ ಆಡಿದ ನಾವೇ.

ಎಮರಾಲ್ಡ್‌ನಲ್ಲಿ ಬ್ಯಾಟಲ್ ಫ್ರಾಂಟಿಯರ್ ಇದೆ. ಏಳು ಅಖಾಡ, ಏಳು ಬಗೆಯ ನಿಯಮ. ಒಂದರಲ್ಲಿ ನಮ್ಮ ಪಡೆಯನ್ನು ಹೊರಗೆ ಬಿಟ್ಟು ಅಲ್ಲಿ ಬಾಡಿಗೆಗೆ ಸಿಕ್ಕಿದ್ದರಲ್ಲೇ ಸೆಣಸಬೇಕು. ಬಲಕ್ಕಿಂತ ಬುದ್ಧಿ ಬೇಕು ಎಂದು ಮಕ್ಕಳಿಗೆ ಕಲಿಸುವ ಜಾಗ ಅದು.

2022ರ ಸ್ಕಾರ್ಲೆಟ್, ವೈಲೆಟ್ ಆಟಗಳಲ್ಲಿ ಗುರುಗಳೆಲ್ಲರೂ ಹೆಚ್ಚಿನ ಬಲದೊಂದಿಗೆ ಮತ್ತೆ ಎದುರಾಗುತ್ತಾರೆ. ಅವರನ್ನು ಗೆದ್ದರೆ ಶಾಲೆಯಲ್ಲೇ ಪಂದ್ಯಾವಳಿ. ಆ ನಾಡಿನ ಪಟ್ಟಿಯಲ್ಲಿ 400 ಜೀವಿಗಳು. ಲೆಜೆಂಡ್ಸ್ ಆರ್ಸಿಯಸ್ ಎಂಬ ಇನ್ನೊಂದು ಆಟದಲ್ಲಿ ಹಿಡಿದರೆ ಮಾತ್ರ ಸಾಲದು. ಅದು ಯಾವಾಗ ಬರುತ್ತದೆ, ಏನು ಮಾಡುತ್ತದೆ ಎಂದು ಮತ್ತೆ ಮತ್ತೆ ನೋಡಿ ದಾಖಲಿಸಬೇಕು. ಆಗಲೇ ಆ ಪುಟ ಪೂರ್ತಿಯಾಗುವುದು.

ಪಟ್ಟಿ ತುಂಬಿಸಲು ಇನ್ನೊಬ್ಬರು ಬೇಕು

ಒಂದೇ ಆಟವನ್ನು ಎರಡು ರೂಪದಲ್ಲಿ ಮಾರುವುದು ಏಕೆ ಎಂದು ಹೆತ್ತವರು ಕೇಳುವುದುಂಟು. ವ್ಯಾಪಾರವೂ ಹೌದು, ಆದರೆ ಅದರಲ್ಲಿ ಒಂದು ಉಪಾಯವೂ ಇದೆ. ಕೆಲವು ಜೀವಿಗಳು ಒಂದರಲ್ಲಿ ಮಾತ್ರ ಸಿಗುತ್ತವೆ, ಇನ್ನು ಕೆಲವು ಮತ್ತೊಂದರಲ್ಲಿ ಮಾತ್ರ. ಕಡಾಬ್ರಾ, ಮಚೋಕ್, ಗ್ರಾವೆಲರ್, ಹಾಂಟರ್ ಈ ನಾಲ್ಕು ಮೊದಲ ಆಟದಲ್ಲಿ ಕೈ ಬದಲಾದರೆ ಮಾತ್ರ ಮುಂದಿನ ರೂಪ ತಾಳುತ್ತವೆ. ಒಬ್ಬನೇ ಕೂತು ಎಷ್ಟು ಆಡಿದರೂ ಪಟ್ಟಿ ತುಂಬುವುದಿಲ್ಲ.

ನಮ್ಮ ಕಡೆ ಇದಕ್ಕೆ ಅನುಕೂಲವೇ ಇದೆ. ಬಳ್ಳಾರಿ, ಚಳ್ಳಕೆರೆ, ಪಾವಗಡ, ಶಿರಾ, ಮಧುಗಿರಿಗಳಲ್ಲಿ ಸೋದರಮಾವ, ಅತ್ತೆ, ದೊಡ್ಡಪ್ಪನ ಮಕ್ಕಳಿಲ್ಲದ ಮನೆ ಎಷ್ಟಿದ್ದೀತು? ಹಬ್ಬಕ್ಕೆ ಬಂದಾಗ ಮೂಲೆಗೊಬ್ಬರು ಕೂತು ಆಡುವ ಬದಲು ನಿನ್ನಲ್ಲಿ ಏನಿದೆ, ನನ್ನಲ್ಲಿ ಏನಿಲ್ಲ ಎಂದು ಪಟ್ಟಿ ಹಿಡಿದು ಕೂರಲಿ. ಅದೇ ಒಂದು ಮಾತುಕತೆ.

ತಳಿ ಎತ್ತುವುದು: ರೇಷ್ಮೆ ಬೆಳೆಯುವವರಿಗೆ ಹೊಸದಲ್ಲ

ಕಥೆ ಮುಗಿಸಿದ ಆಟಗಾರರು ಹೆಚ್ಚು ಹೊತ್ತು ಕಳೆಯುವುದು ಮೊಟ್ಟೆ, ಮರಿ, ತಳಿಗಳ ಲೆಕ್ಕದಲ್ಲಿ. ಕೇಳಲು ಕಷ್ಟ, ಆದರೆ ಮಡಕಶಿರಾ, ಹಿಂದೂಪುರದ ಕಡೆಯ ರೇಷ್ಮೆ ಬೆಳೆಗಾರರಿಗೆ ಒಂದೇ ಮಾತಿನಲ್ಲಿ ತಿಳಿಯುತ್ತದೆ. ಮೈಸೂರು ತಳಿ ನಮ್ಮ ಬಿಸಿಲಿಗೆ ತಡೆದುಕೊಳ್ಳುತ್ತದೆ, ಬೈವೋಲ್ಟೀನ್ ಹೆಚ್ಚು ನೂಲು ಕೊಡುತ್ತದೆ, ಎರಡನ್ನೂ ಕೂಡಿಸಿ ಸಿ.ಬಿ. ಗೂಡು ತೆಗೆಯುತ್ತಾರೆ. ಆಟದಲ್ಲೂ ಅಷ್ಟೇ.

ಪ್ರತಿ ಪೋಕೆಮಾನ್‌ಗೂ ಆರು ಗುಣ: ಜೀವಬಲ, ದಾಳಿ, ರಕ್ಷಣೆ, ವಿಶೇಷ ದಾಳಿ, ವಿಶೇಷ ರಕ್ಷಣೆ, ವೇಗ. ಒಂದೊಂದು ಗುಣಕ್ಕೂ ಹುಟ್ಟಿನಿಂದ 0ಯಿಂದ 31ರವರೆಗೆ ಒಂದು ಅಂಕ ಬಂದಿರುತ್ತದೆ. ಇದು ರಕ್ತದಲ್ಲಿ ಬಂದದ್ದು. ಇದಲ್ಲದೆ ಪಳಗಿಸಿ ಗಳಿಸುವ ಅಂಕ ಬೇರೆ. ಅದು ಒಟ್ಟು 510, ಒಂದು ಗುಣಕ್ಕೆ ಹೆಚ್ಚೆಂದರೆ 252. ಎರಡು ಗುಣಕ್ಕೆ ಪೂರ್ತಿ ಕೊಟ್ಟರೆ ಮೂರನೆಯದಕ್ಕೆ ಉಳಿಯುವುದು 6 ಮಾತ್ರ. ಬೋರಿನ ನೀರು ಇಷ್ಟೇ ಎಂದಾಗ ಕಡಲೆಕಾಯಿಗೆ ಬಿಡಬೇಕೋ ಹಿಪ್ಪುನೇರಳೆಗೆ ಬಿಡಬೇಕೋ ಎಂದು ಲೆಕ್ಕ ಹಾಕುತ್ತೇವಲ್ಲ, ಹಾಗೆ.

ಮೊಟ್ಟೆಯ ಮರಿಗೆ ತಂದೆ ತಾಯಿಯ ಅಂಕಗಳಲ್ಲಿ ಕೆಲವು ಬರುತ್ತವೆ. ಇತ್ತೀಚಿನ ಆಟಗಳಲ್ಲಿ ಜೋಡಿಯ ಒಂದರ ಕೈಗೆ 'ಡೆಸ್ಟಿನಿ ನಾಟ್' ಎಂಬ ದಾರ ಕೊಟ್ಟರೆ ಹೆತ್ತವರ 12 ಅಂಕಗಳಲ್ಲಿ ಐದು ಮರಿಗೆ ಇಳಿಯುತ್ತವೆ. 'ಎವರ್‌ಸ್ಟೋನ್' ಎಂಬ ಕಲ್ಲು ಕೊಟ್ಟರೆ ಸ್ವಭಾವ ಇಳಿಯುತ್ತದೆ. ಸ್ವಭಾವಗಳು 25 ಬಗೆ. ಒಳ್ಳೆಯ ಮರಿ ಬರುವವರೆಗೆ ಹತ್ತಾರು ಮೊಟ್ಟೆ ಒಡೆಸಬೇಕು. ಕಾಗದದ ಮೇಲೆ ಬರೆದುಕೊಂಡು ಮಾಡಿದರೆ ಇದು ಒಂದು ಲೆಕ್ಕದ ಪಾಠ.

ಆಟದ ಕೇಟರ್ಪಿ ಎಂಬ ಹುಳು 7ನೇ ಹಂತಕ್ಕೆ ಗೂಡಾಗಿ, 10ನೇ ಹಂತಕ್ಕೆ ಚಿಟ್ಟೆಯಾಗುತ್ತದೆ. ರೇಷ್ಮೆ ಮನೆ ಇರುವ ಊರಿನ ಮಗುವಿಗೆ ಅದನ್ನು ತಟ್ಟೆಯಲ್ಲೇ ತೋರಿಸಬಹುದು. ಹುಳು ನಾಲ್ಕು ಜ್ವರ ಕಳೆದು, ಹಣ್ಣಾಗಿ, ಚಂದ್ರಿಕೆ ಹತ್ತಿ ಗೂಡು ಕಟ್ಟುವುದನ್ನು ಕಂಡ ಮಗುವಿಗೆ ಆಟದ ಕಲ್ಪನೆ ಎಲ್ಲಿಂದ ಬಂತು ಎಂದು ಹೇಳಿಕೊಡಬೇಕಿಲ್ಲ.

ಬಣ್ಣ ಬದಲಾದದ್ದನ್ನು ಹುಡುಕುವುದು

ಅಪರೂಪಕ್ಕೆ ಒಂದು ಪೋಕೆಮಾನ್ ಬೇರೆ ಬಣ್ಣದಲ್ಲಿ ಮಿನುಗುತ್ತಾ ಬರುತ್ತದೆ. ಅದಕ್ಕೆ ಶೈನಿ ಎನ್ನುತ್ತಾರೆ. ಹಳೆಯ ಆಟಗಳಲ್ಲಿ 8192ಕ್ಕೆ ಒಂದು, 2013ರ ಎಕ್ಸ್, ವೈ ಆಟಗಳಿಂದ ಈಚೆಗೆ 4096ಕ್ಕೆ ಒಂದು. ಇಲ್ಲಿ ಮಕ್ಕಳು ಒಂದು ತಪ್ಪು ಲೆಕ್ಕ ಹಾಕುತ್ತಾರೆ: 4096 ಸಲ ನೋಡಿದರೆ ಸಿಕ್ಕೇ ಸಿಗುತ್ತದೆ ಎಂದು. ಹಾಗಿಲ್ಲ. ಅಷ್ಟು ಸಲ ನೋಡಿದರೂ ಸಿಗುವ ಸಂಭವ ಸುಮಾರು ಶೇ. 63. ಅಂದರೆ ನೂರು ಜನ ಅಷ್ಟು ಕಷ್ಟಪಟ್ಟರೆ 37 ಜನ ಬರಿಗೈಲಿ ಏಳುತ್ತಾರೆ. ಹಿಂದಿನ ಸೋಲು ಮುಂದಿನ ಸಲದ ಅದೃಷ್ಟವನ್ನು ಹೆಚ್ಚಿಸುವುದಿಲ್ಲ. ಇದನ್ನು ಹನ್ನೆರಡರ ವಯಸ್ಸಿನಲ್ಲಿ ಅರ್ಥ ಮಾಡಿಕೊಂಡ ಹುಡುಗ ಮುಂದೆ ಲಾಟರಿ, ಬೆಟ್ಟಿಂಗ್ ಆ್ಯಪುಗಳ ಬಲೆಗೆ ಅಷ್ಟು ಸುಲಭವಾಗಿ ಬೀಳಲಾರ.

ಸಂಭವ ಹೆಚ್ಚಿಸುವ ದಾರಿಗಳೂ ಇವೆ. ಪಟ್ಟಿ ಪೂರ್ತಿ ಮಾಡಿದವರಿಗೆ ಸಿಗುವ 'ಶೈನಿ ಚಾರ್ಮ್' ಇದ್ದರೆ ಸುಮಾರು 1365ಕ್ಕೆ ಒಂದು. ಇನ್ನೊಂದು ದಾರಿ ನಮ್ಮಂಥ ಗಡಿಯವರಿಗೆ ಖುಷಿ ಕೊಡುವಂಥದ್ದು. ಬೇರೆ ಬೇರೆ ಭಾಷೆಯ ಆಟಗಳಲ್ಲಿ ಹುಟ್ಟಿದ ಎರಡು ಪೋಕೆಮಾನ್‌ಗಳನ್ನು, ಅಂದರೆ ಒಂದು ಜಪಾನಿ, ಒಂದು ಇಂಗ್ಲಿಷ್ ಎನ್ನಿ, ಜೋಡಿ ಮಾಡಿದರೆ ಅವುಗಳ ಮೊಟ್ಟೆಯಲ್ಲಿ ಶೈನಿ ಬರುವ ಸಂಭವ ಸುಮಾರು 683ಕ್ಕೆ ಒಂದು. ಆಟ ಮಾಡಿದವರಲ್ಲಿ ಒಬ್ಬರಾದ ಜುನಿಚಿ ಮಸುದ ಅವರ ಹೆಸರಿನಲ್ಲಿ ಇದನ್ನು ಮಸುದ ವಿಧಾನ ಎನ್ನುತ್ತಾರೆ. ಎರಡು ಭಾಷೆ ಕೂಡಿದ ಮನೆಯಲ್ಲಿ ಅಪರೂಪದ್ದು ಹೆಚ್ಚು ಹುಟ್ಟುತ್ತದೆ ಎಂಬುದು ಆಟದ ನಿಯಮವಾಗಿಯೇ ಇದೆ ನೋಡಿ!

ಮತ್ತೆ ಮೊದಲಿನಿಂದ, ಕನ್ನಡದ ಹೆಸರಿಟ್ಟು

ಹಣ ಖರ್ಚಿಲ್ಲದೆ ಹಳೆಯ ಆಟವನ್ನೇ ಹೊಸದು ಮಾಡುವ ವಿಧಾನಕ್ಕೆ ನಜ್ಲಾಕ್ ಎಂದು ಹೆಸರು. 2010ರಲ್ಲಿ ಒಬ್ಬ ಆಟಗಾರ ತನ್ನ ಚಿತ್ರಕಥೆಯ ಮೂಲಕ ಜನಪ್ರಿಯಗೊಳಿಸಿದ. ನಿಯಮ ಮೂರೇ. ಒಂದು ಪ್ರದೇಶದಲ್ಲಿ ಮೊದಲು ಎದುರಾದ ಜೀವಿಯನ್ನು ಮಾತ್ರ ಹಿಡಿಯಬೇಕು. ಕಾಳಗದಲ್ಲಿ ಮೂರ್ಛೆ ಹೋದದ್ದು ಸತ್ತಂತೆ, ಮತ್ತೆ ಬಳಸುವಂತಿಲ್ಲ. ಪ್ರತಿಯೊಂದಕ್ಕೂ ಹೆಸರಿಡಬೇಕು.

ಮೂರನೆಯ ನಿಯಮದಲ್ಲೇ ಸ್ವಾರಸ್ಯ ಇರುವುದು. ಹೆಸರಿಟ್ಟ ಜೀವ ಹೋದರೆ ನೋವಾಗುತ್ತದೆ, ಆದ್ದರಿಂದ ಹುಷಾರಾಗಿ ಆಡುತ್ತಾರೆ. ಆಟದಲ್ಲಿ ಇಂಗ್ಲಿಷ್ ಅಕ್ಷರ ಇದ್ದರೇನು, ಹೆಸರು ಕನ್ನಡದ್ದಿರಲಿ: ಕೆಂಚ, ಕರಿಯ, ಬಸವ, ಗೌರಿ, ಮಿಂಚು, ಗುಡುಗಪ್ಪ. ನಾವು ದನಕ್ಕೂ ನಾಯಿಗೂ ಹೆಸರಿಡುವ ಜನ. ಹಳೆಯ ಆಟಗಳಲ್ಲಿ ಹೆಸರಿಗೆ 10 ಅಕ್ಷರ, ಹೊಸದರಲ್ಲಿ 12, ಸಾಕಷ್ಟಾಯಿತು.

ಪೋಕೆಮಾನ್ ಗೋ: ಊರನ್ನು ನಕ್ಷೆಗೆ ಸೇರಿಸುವುದು

ಸ್ವಿಚ್ ಇಲ್ಲದ ಮನೆಗಳಲ್ಲಿ ಇರುವುದು ಫೋನಿನ ಪೋಕೆಮಾನ್ ಗೋ. ಇದು ಭಾರತಕ್ಕೆ ಅಧಿಕೃತವಾಗಿ ಬಂದದ್ದು 2016ರ ಡಿಸೆಂಬರ್‌ನಲ್ಲಿ, ಜಿಯೊ ಸಹಯೋಗದಲ್ಲಿ. ಇದರಲ್ಲಿ ನಡೆದಾಡುತ್ತಾ ಹಿಡಿಯಬೇಕು. ಚೆಂಡು ಮೊದಲಾದ ಸಾಮಾನು ಸಿಗುವ ಪೋಕೆಸ್ಟಾಪ್‌ಗಳು ನಿಜವಾದ ಜಾಗಗಳಲ್ಲೇ ಇರುತ್ತವೆ. ದೊಡ್ಡ ನಗರದಲ್ಲಿ ಹೆಜ್ಜೆಗೊಂದು, ನಮ್ಮಂಥ ಊರಲ್ಲಿ ಹುಡುಕಬೇಕು.

ಆದರೆ ಮೇಲಿನ ಹಂತ ತಲುಪಿದ ಆಟಗಾರರು ಹೊಸ ಜಾಗವನ್ನು ಸೂಚಿಸಬಹುದು. ಫೋಟೊ, ಹೆಸರು, ನಾಲ್ಕು ಸಾಲಿನ ವಿವರ ಬರೆದು ಕಳಿಸಿದರೆ ಅದನ್ನು ಪರಿಶೀಲಿಸಿ ಒಪ್ಪುತ್ತಾರೆ. ಮನೆ, ಮಕ್ಕಳ ಶಾಲೆಗಳ ಆವರಣ ಬೇಡ. ಚರಿತ್ರೆ ಇರುವ, ಎಲ್ಲರೂ ಹೋಗಬಹುದಾದ ಜಾಗ ಬೇಕು. ರಾಯದುರ್ಗದ ಬೆಟ್ಟದ ಕೋಟೆ ಇದೆ. ಮಡಕಶಿರಾ ಕಡೆ ಹೇಮಾವತಿ ಇದೆ. ಹಿಂದೆ ಹೆಂಜೇರು ಎನಿಸಿಕೊಂಡು ನೊಳಂಬರ ರಾಜಧಾನಿಯಾಗಿದ್ದ ಊರು. ದೊಡ್ಡೇಶ್ವರ, ಸಿದ್ಧೇಶ್ವರ ಗುಡಿಗಳಿವೆ, ಕನ್ನಡದ ಶಾಸನಗಳಿವೆ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯವಾದಾಗ ಬಳ್ಳಾರಿ ಜಿಲ್ಲೆಯಿಂದ ಆಲೂರು, ಆದೋನಿಗಳ ಜೊತೆ ರಾಯದುರ್ಗ ತಾಲ್ಲೂಕು ಆ ಕಡೆಗೆ ಸೇರಿತು. 2022ರಲ್ಲಿ ಮಡಕಶಿರಾ ಅನಂತಪುರದಿಂದ ಬಿಟ್ಟು ಶ್ರೀ ಸತ್ಯಸಾಯಿ ಜಿಲ್ಲೆಗೆ ಹೋಯಿತು. ಜಿಲ್ಲೆ, ರಾಜ್ಯ ಬದಲಾದರೂ ಕಲ್ಲಿನ ಮೇಲಿನ ಅಕ್ಷರ ಬದಲಾಗಿಲ್ಲ. ಸೂಚನೆ ಬರೆಯುವ ಹುಡುಗನೋ ಹುಡುಗಿಯೋ ಮೊದಲು ಆ ಜಾಗಕ್ಕೆ ಹೋಗಬೇಕು, ಹಿರಿಯರನ್ನು ಕೇಳಬೇಕು, ಊರಿನ ಹೆಸರನ್ನು ಸರಿಯಾಗಿ ಬರೆಯಬೇಕು. ಆಟದ ನೆಪದಲ್ಲಿ ಚರಿತ್ರೆ ಓದಿದಂತೆ.

ಹೊರಗಿನ ಪಟ್ಟಿ

ಈಗ ನಮಗೆ ಮುಖ್ಯವೆನಿಸಿದ ವಿಷಯ. 2002ರಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಕೇಂಬ್ರಿಡ್ಜ್‌ನ ವಿಜ್ಞಾನಿಗಳ ಒಂದು ಅಧ್ಯಯನ ಬಂತು. ಬ್ರಿಟನ್ನಿನ ಶಾಲಾ ಮಕ್ಕಳಿಗೆ ಪೋಕೆಮಾನ್ ಚಿತ್ರಗಳನ್ನೂ ಅಲ್ಲಿನ ಸಾಮಾನ್ಯ ಗಿಡ, ಪ್ರಾಣಿಗಳ ಚಿತ್ರಗಳನ್ನೂ ತೋರಿಸಿ ಹೆಸರು ಕೇಳಿದರು. ಎಂಟು ವರ್ಷದ ಮಕ್ಕಳು ಪೋಕೆಮಾನ್‌ಗಳಲ್ಲಿ ಶೇ. 80ರ ಹತ್ತಿರ ಗುರುತಿಸಿದರು. ತಮ್ಮ ಸುತ್ತಲ ಜೀವಿಗಳಲ್ಲಿ ಅರ್ಧಕ್ಕಿಂತ ಕಡಿಮೆ. ಮಕ್ಕಳಿಗೆ ಕಲಿಯುವ ಶಕ್ತಿ ಧಾರಾಳವಾಗಿದೆ, ನಾವು ಕೊಡುತ್ತಿರುವುದು ಏನು ಎಂಬುದೇ ಪ್ರಶ್ನೆ.

ನಮ್ಮಲ್ಲಿ ಈ ಪ್ರಶ್ನೆ ಇನ್ನೂ ಹರಿತ. ಮನೆಯಲ್ಲಿ ಕನ್ನಡ, ಬೀದಿಯಲ್ಲಿ ತೆಲುಗು, ಶಾಲೆಯಲ್ಲಿ ಇಂಗ್ಲಿಷ್. ಪಾಠದ ಮಾತುಗಳು ಪುಸ್ತಕದಲ್ಲಿ ಉಳಿಯುತ್ತವೆ. ಹುಳ, ಹಕ್ಕಿ, ಕಳೆಗಿಡದ ಹೆಸರುಗಳು ಅಜ್ಜಿ ತಾತಂದಿರ ಬಾಯಲ್ಲಿ ಮಾತ್ರ ಇವೆ. ಅವರ ಜೊತೆ ಅವೂ ಹೋಗುತ್ತವೆ.

ಹಾಗಾಗಿ ಕಥೆ ಮುಗಿಸಿದ ಪ್ರತಿ ಮಗುವಿಗೂ ಒಂದು ಇನ್ನೂರು ಪುಟದ ನೋಟ್‌ಬುಕ್ ಕೊಡಿ. ಪುಟಕ್ಕೊಂದು ಜೀವಿ. ಚಿತ್ರ ಬಿಡಿಸಲಿ, ಕಂಡ ಜಾಗ, ದಿನ, ಹೊತ್ತು ಬರೆಯಲಿ. ಮನೆಯ ಕನ್ನಡದ ಹೆಸರು, ಪಕ್ಕದಲ್ಲಿ ತೆಲುಗಿನ ಹೆಸರು: ಓತಿಕ್ಯಾತ, ತೊಂಡ. ಉಡ, ಉಡುಮು. ಗುಬ್ಬಚ್ಚಿ, ಪಿಚ್ಚುಕ. ಮಿಂಚುಹುಳು, ಮಿಣುಗುರು. ಚೇಳು, ತೇಲು. ಕೆಂಬೂತ, ಜೆಮುಡು ಕಾಕಿ. ನೀಲಕಂಠ, ಪಾಲಪಿಟ್ಟ. ಒಂದೊಂದು ಹೆಸರಿಗೂ ಹೇಳಿದವರ ಹೆಸರು ಬರೆಯಲಿ: ಅಜ್ಜಿ ಹೇಳಿದ್ದು, ಕುರಿ ಕಾಯುವ ತಾತ ಹೇಳಿದ್ದು. ಒಂದೇ ಜೀವಿಗೆ ರಾಯದುರ್ಗದಲ್ಲಿ ಒಂದು ಹೆಸರು, ಮಡಕಶಿರಾದಲ್ಲಿ ಇನ್ನೊಂದು ಸಿಕ್ಕರೆ ಎರಡೂ ಇರಲಿ. ಯಾವುದೂ ತಪ್ಪಲ್ಲ.

ಆಟದಲ್ಲಿ ಇರುವಂತೆ ಇಲ್ಲೂ ಮೂರು ಬಗೆ ಮಾಡಬಹುದು. ದಿನವೂ ಸಿಗುವವು: ಕಾಗೆ, ಅಳಿಲು, ಇರುವೆ, ಸಗಣಿ ಹುಳು. ಹುಡುಕಿಕೊಂಡು ಹೋಗಬೇಕಾದವು: ಮಧುಗಿರಿ ತಾಲ್ಲೂಕಿನ ಮೈದನಹಳ್ಳಿಯ ಜಯಮಂಗಲಿ ಮೀಸಲಿನಲ್ಲಿ ಕೃಷ್ಣಮೃಗ, ಚಿಲಮತ್ತೂರು ಮಂಡಲದ ವೀರಾಪುರದಲ್ಲಿ ಗೂಡು ಕಟ್ಟಲು ಬರುವ ಬಣ್ಣದ ಕೊಕ್ಕರೆ. ಇನ್ನು ಮೂರನೆಯದು, ದಂತಕಥೆಯಂಥದ್ದು. ಬಳ್ಳಾರಿ ಜಿಲ್ಲೆಯ ಸಿರುಗುಪ್ಪದ ಎರೆ ಹೊಲಗಳಲ್ಲಿ ಬೆರಳೆಣಿಕೆಯಷ್ಟು ಉಳಿದಿರುವ ದೊಡ್ಡ ಹಕ್ಕಿ. ಅದರ ಕನ್ನಡದ ಹೆಸರು ಎರೆಭೂತ. ಮಾನ್‌ಸ್ಟರ್ ಆಟದವರಿಗೆ ಇದಕ್ಕಿಂತ ಒಳ್ಳೆಯ ಹೆಸರು ಹೊಳೆಯಲಿಕ್ಕಿಲ್ಲ. ದೇಶದಲ್ಲೇ ಉಳಿದಿರುವುದು ನೂರೈವತ್ತರ ಆಸುಪಾಸು, ಅದರಲ್ಲಿ ಹೆಚ್ಚಿನವು ರಾಜಸ್ಥಾನದಲ್ಲಿ. ಇದನ್ನು ಹುಡುಕಿಕೊಂಡು ಹೋಗುವುದು ಬೇಡ, ಅದಕ್ಕೆ ತೊಂದರೆ. ಆದರೆ ಪುಟ ಒಂದು ಅದಕ್ಕಾಗಿ ಖಾಲಿ ಇರಲಿ; ಮಕ್ಕಳು ಹಿರಿಯರನ್ನು ಕೇಳಲಿ, ನಿಮ್ಮ ಕಾಲದಲ್ಲಿ ಕಂಡಿದ್ದಿರಾ ಎಂದು.

ಫೋಟೊ ತೆಗೆಯುವವರಿಗೆ ಐನ್ಯಾಚುರಲಿಸ್ಟ್ ಎಂಬ ಉಚಿತ ಆ್ಯಪ್ ಇದೆ. ಚಿತ್ರ ಹಾಕಿದರೆ ಯಾವ ಜೀವಿ ಎಂದು ಗುರುತಿಸಲು ನೆರವಾಗುತ್ತದೆ. ಹಕ್ಕಿಗಳಿಗೆ ಇಬರ್ಡ್ ಇದೆ. ಪ್ರತಿ ಫೆಬ್ರವರಿಯಲ್ಲಿ ನಾಲ್ಕು ದಿನ ನಡೆಯುವ ಹಿತ್ತಲ ಹಕ್ಕಿ ಎಣಿಕೆಯಲ್ಲಿ 15 ನಿಮಿಷ ನಿಂತು ಕಂಡ ಹಕ್ಕಿಗಳನ್ನು ಎಣಿಸಿ ದಾಖಲಿಸಿದರೆ ಯಾರು ಬೇಕಾದರೂ ಸೇರಬಹುದು.

ಹೆತ್ತವರ ಗಮನಕ್ಕೆ

1. ಫೋನಿನಲ್ಲಿ ಖರೀದಿಗೆ ಪಾಸ್‌ವರ್ಡ್ ಕೇಳುವಂತೆ ಇಡಿ. ಯುಪಿಐ ಪಿನ್ ಮಕ್ಕಳಿಗೆ ತಿಳಿಯದಿರಲಿ.

2. ಬಲವಾದ ಪೋಕೆಮಾನ್ ಇರುವ ಖಾತೆ ಮಾರುತ್ತೇವೆ ಎಂದು ಸಂದೇಶ ಬಂದರೆ ನಂಬಬೇಡಿ. ಖಾತೆ ಮಾರುವುದು, ಕೊಳ್ಳುವುದು ಆಟದ ನಿಯಮಕ್ಕೇ ವಿರುದ್ಧ. ಹಣ ಹೋದರೆ ತಡಮಾಡದೆ 1930ಕ್ಕೆ ಕರೆ ಮಾಡಿ.

3. ಇದ್ದಲ್ಲೇ ಕೂತು ಬೇರೆ ಊರಲ್ಲಿರುವಂತೆ ತೋರಿಸುವ ಆ್ಯಪ್ ಬಳಸಿದರೆ ಖಾತೆ ರದ್ದಾಗಬಹುದು. ಎಲ್ಲೆಲ್ಲಿಂದಲೋ ಇಳಿಸಿಕೊಂಡ ಆಟದ ಫೈಲುಗಳು ಕಾನೂನಿಗೂ ವಿರುದ್ಧ, ಫೋನಿಗೂ ಅಪಾಯ.

4. ಗೋ ಆಡುವವರು ರಸ್ತೆ, ರೈಲು ಹಳಿ, ಬಾವಿ ಕಟ್ಟೆಯ ಹತ್ತಿರ ಫೋನ್ ಜೇಬಿಗಿಡಲಿ. ಕೋಟೆ ಬೆಟ್ಟಕ್ಕೆ ಒಬ್ಬರೇ ಹೋಗುವುದು ಬೇಡ.

5. ಹಿಡಿಯುವುದು ಆಟದಲ್ಲಿ ಮಾತ್ರ. ಗಿಣಿ, ನವಿಲು, ಉಡಗಳನ್ನು ಹಿಡಿಯುವುದು 1972ರ ವನ್ಯಜೀವಿ ಕಾಯ್ದೆಯಡಿ ಅಪರಾಧ. ಎಕಾನ್ಸ್ ಎಂಬ ಪೋಕೆಮಾನ್ ಹೆಸರನ್ನು ಇಂಗ್ಲಿಷಿನಲ್ಲಿ ಬರೆದು ಹಿಂದಿನಿಂದ ಓದಿದರೆ 'ಸ್ನೇಕ್' ಎಂದಾಗುತ್ತದೆ; ಆಟದ ಹಾವು ಆಟದಲ್ಲೇ ಇರಲಿ. ಹೊಲದ ಹಾವನ್ನು ದೂರದಿಂದ ನೋಡಿ ಬರೆದುಕೊಂಡರೆ ಸಾಕು.

ನವೆಂಬರ್ ರಾಜ್ಯೋತ್ಸವಕ್ಕೆ ಮಕ್ಕಳಿಂದ ಏನು ಮಾಡಿಸೋಣ ಎಂದು ಪ್ರತಿ ವರ್ಷ ಕೇಳುತ್ತೀರಿ. ಈ ನೋಟ್‌ಬುಕ್‌ಗಳನ್ನೇ ಒಂದು ಮೇಜಿನ ಮೇಲೆ ಜೋಡಿಸಿಡಬಹುದು. ಹಾಡು, ಭಾಷಣ ಬಾರದ ಮಗುವೂ ತನ್ನ ಪುಟ ತೆರೆದು "ಇದು ಗೌಜಲಹಕ್ಕಿ, ನಮ್ಮ ಹೊಲದಲ್ಲಿ ಕಂಡಿದ್ದು, ಹೆಸರು ನಮ್ಮಜ್ಜಿ ಹೇಳಿದ್ದು" ಎಂದು ಹೇಳಲಿ. ಮೊದಲ ಆಟದ ಪಟ್ಟಿಯಲ್ಲಿ ಇದ್ದದ್ದು 151 ಜೀವಿಗಳು. ನಮ್ಮ ಮಕ್ಕಳು ಕನ್ನಡದಲ್ಲಿ ಅಷ್ಟು ಹೆಸರು ಕೂಡಿಸಲು ಒಂದು ಬೇಸಿಗೆ, ಒಂದು ಮಳೆಗಾಲ ಸಾಕು. ಈ ವಾರವೇ ಅಜ್ಜಿಯ ಪಕ್ಕ ಕೂತು ಮೊದಲ ಹತ್ತು ಬರೆಸಿ.